ಒಟ್ಟು ಗೊತ್ತು, ಪಾಲು ಎಷ್ಟು? – ಗಣಿತಜ್ಞ ಮಹಾವೀರಾಚಾರ್ಯರ ಕಥೆ

ಮಕ್ಕಳೇ, ಹಳೆಯ ಕಾಲದ ಭಾರತದ ಗಣಿತಜ್ಞರ ಹೆಸರು ಹೇಳಿ ಅಂದರೆ ನೀವು ಮೊದಲು ಆರ್ಯಭಟ ಅಂತೀರಿ. ಸ್ವಲ್ಪ ಹೆಚ್ಚು ಓದಿದವರು ಬ್ರಹ್ಮಗುಪ್ತ, ಭಾಸ್ಕರಾಚಾರ್ಯ ಅಂತಾರೆ. ಈ ಸಾಲಿನಲ್ಲಿ ನಿಲ್ಲಬೇಕಾದ ಇನ್ನೊಬ್ಬರಿದ್ದಾರೆ. ನಮ್ಮ ಕನ್ನಡ ನಾಡಿನ ದೊರೆಯೊಬ್ಬನ ಕಾಲದಲ್ಲಿ, ಸುಮಾರು 1,170 ವರ್ಷಗಳ ಹಿಂದೆ, ಗಣಿತಕ್ಕಾಗಿಯೇ ಒಂದು ದೊಡ್ಡ ಪುಸ್ತಕ ಬರೆದವರು. ಅವರ ಹೆಸರು ಮಹಾವೀರಾಚಾರ್ಯ.

ಹೆಸರು ಕೇಳಿ ಗೊಂದಲ ಮಾಡ್ಕೋಬೇಡಿ. ಜೈನ ಧರ್ಮದ 24ನೆಯ ತೀರ್ಥಂಕರ ವರ್ಧಮಾನ ಮಹಾವೀರರು ಬೇರೆ. ಅವರು ಇದ್ದದ್ದು ಬುದ್ಧನ ಕಾಲದಲ್ಲಿ. ನಮ್ಮ ಗಣಿತಜ್ಞರು ಅವರಿಗಿಂತ ಸಾವಿರ ವರ್ಷಕ್ಕೂ ಹೆಚ್ಚು ಈಚಿನವರು, ಅದೇ ಧರ್ಮದವರು, ಅದೇ ಹೆಸರಿನವರು.

ಮಾನ್ಯಖೇಟದ ದಿನಗಳು

ಆಗ ಕರ್ನಾಟಕವನ್ನು ಆಳುತ್ತಿದ್ದವರು ರಾಷ್ಟ್ರಕೂಟರು. ಎಲ್ಲೋರದಲ್ಲಿ ಇಡೀ ಬೆಟ್ಟವನ್ನೇ ಕೊರೆದು ಮಾಡಿದ ಕೈಲಾಸ ದೇವಾಲಯದ ಚಿತ್ರ ನೀವು ನೋಡಿರಬಹುದು. ಅದನ್ನು ಮಾಡಿಸಿದ ಒಂದನೆಯ ಕೃಷ್ಣನ ಮರಿಮಗ ಅಮೋಘವರ್ಷ. ಅವನಿಗೆ ನೃಪತುಂಗ ಎಂಬ ಬಿರುದೂ ಇತ್ತು. ಬೆಂಗಳೂರಿನ ನೃಪತುಂಗ ರಸ್ತೆಯಲ್ಲಿ ಓಡಾಡಿರುವ ಅಪ್ಪ ಅಮ್ಮಂದಿರಿಗೆ ಈ ಹೆಸರು ಹೊಸದೇನಲ್ಲ. ಕ್ರಿ.ಶ. 814ರ ಸುಮಾರಿಗೆ ಇನ್ನೂ ಹುಡುಗನಾಗಿದ್ದಾಗಲೇ ಪಟ್ಟಕ್ಕೆ ಬಂದ ಅವನು ಅರವತ್ತಕ್ಕೂ ಹೆಚ್ಚು ವರ್ಷ ಆಳಿದ. ಅವನ ರಾಜಧಾನಿ ಮಾನ್ಯಖೇಟ. ಅದು ಇವತ್ತಿನ ಕಲಬುರಗಿ ಜಿಲ್ಲೆಯ ಮಳಖೇಡ. ಕಾಗಿಣಾ ನದಿಯ ದಡದಲ್ಲಿ ಹಳೆಯ ಕೋಟೆಯ ಗೋಡೆಗಳು ಈಗಲೂ ಇವೆ.

ಆ ಊರು ಆಗ ವಿದ್ವಾಂಸರ ಊರು. ಇವತ್ತು ನಮಗೆ ಸಿಕ್ಕಿರುವ ಕನ್ನಡ ಗ್ರಂಥಗಳಲ್ಲೆಲ್ಲ ಹಳೆಯದಾದ ಕವಿರಾಜಮಾರ್ಗ ನೃಪತುಂಗನ ಆಸ್ಥಾನದಲ್ಲೇ ಹುಟ್ಟಿದ್ದು, ಅದನ್ನು ರಚಿಸಿದವನು ಶ್ರೀವಿಜಯ. ಆದಿಪುರಾಣವನ್ನು ಸಂಸ್ಕೃತದಲ್ಲಿ ಬರೆದ ಜಿನಸೇನಾಚಾರ್ಯರು ರಾಜನಿಗೆ ಗುರುಗಳು. ಶಾಕಟಾಯನ ಎಂಬ ವ್ಯಾಕರಣ ಪಂಡಿತ ತನ್ನ ವ್ಯಾಖ್ಯಾನಕ್ಕೆ ರಾಜನ ಹೆಸರನ್ನೇ ಇಟ್ಟು ಅಮೋಘವೃತ್ತಿ ಎಂದು ಕರೆದ. ಕಾವ್ಯ, ಧರ್ಮ, ವ್ಯಾಕರಣ ಎಲ್ಲದಕ್ಕೂ ಅಲ್ಲಿ ಜಾಗವಿತ್ತು. ಗಣಿತಕ್ಕೂ ಇತ್ತು.

ಮಹಾವೀರಾಚಾರ್ಯರು ತಮ್ಮ ಬಗ್ಗೆ ಏನೂ ಬರೆದಿಟ್ಟಿಲ್ಲ. ಹುಟ್ಟಿದ ಊರು, ತಂದೆ ತಾಯಿ, ಗುರುಗಳು, ತೀರಿಕೊಂಡ ವರ್ಷ, ಯಾವುದೂ ಇಲ್ಲ. ಪುಸ್ತಕದ ಶುರುವಿನಲ್ಲಿ ನೃಪತುಂಗನ ಆಳ್ವಿಕೆ ಬೆಳೆಯಲಿ ಎಂದು ಹಾರೈಸಿದ್ದಾರೆ. ಅದರಿಂದಲೇ ಅವರ ಕಾಲ ಕ್ರಿ.ಶ. 850ರ ಸುಮಾರು ಎಂದು ನಮಗೆ ಗೊತ್ತಾಗುವುದು. ಅವರ ಸ್ವಭಾವ ತಿಳೀಬೇಕು ಅಂದರೆ ಅವರು ಮಾಡಿದ ಲೆಕ್ಕಗಳನ್ನೇ ನೋಡಬೇಕು. ಲೆಕ್ಕದಲ್ಲಿ ಮನುಷ್ಯನ ಸ್ವಭಾವ ಕಾಣುತ್ತಾ ಅಂತ ಕೇಳಬೇಡಿ, ಕಾಣುತ್ತೆ. ಮುಂದೆ ಓದಿ.

ಗಣಿತಕ್ಕಾಗಿಯೇ ಒಂದು ಪುಸ್ತಕ

ಪುಸ್ತಕದ ಹೆಸರು ಗಣಿತಸಾರಸಂಗ್ರಹ. ಭಾಷೆ ಸಂಸ್ಕೃತ. ಸಾವಿರಕ್ಕೂ ಹೆಚ್ಚು ಪದ್ಯಗಳಿವೆ. ಆರ್ಯಭಟ ಮತ್ತು ಬ್ರಹ್ಮಗುಪ್ತ ಗಣಿತ ಬರೆದದ್ದು ಖಗೋಳದ ಪುಸ್ತಕಗಳ ಒಳಗೆ, ಒಂದೆರಡು ಅಧ್ಯಾಯಗಳಾಗಿ. ಗ್ರಹಣ ಯಾವಾಗ, ಗ್ರಹಗಳು ಎಲ್ಲಿ ಎಂದು ತಿಳಿಯೋದಕ್ಕೆ ಗಣಿತ ಬೇಕಾಗಿತ್ತು, ಹಾಗಾಗಿ ಬರೆದರು. ಮಹಾವೀರಾಚಾರ್ಯರು ಗ್ರಹ ನಕ್ಷತ್ರಗಳನ್ನು ಪಕ್ಕಕ್ಕಿಟ್ಟು ಬರೀ ಗಣಿತವನ್ನೇ ಒಂದು ಪೂರ್ತಿ ಪುಸ್ತಕ ಮಾಡಿದರು.

ಯಾಕೆ ಅಂದರೆ, ಅವರ ಪ್ರಕಾರ ಗಣಿತ ಇಲ್ಲದ ಜಾಗವೇ ಇಲ್ಲ. ಸಂಗೀತ, ನಾಟಕ, ವೈದ್ಯ, ಮನೆ ಕಟ್ಟುವುದು, ಛಂದಸ್ಸು, ವ್ಯಾಕರಣ, ವ್ಯಾಪಾರ ಎಂದು ಅವರು ದೊಡ್ಡ ಪಟ್ಟಿಯನ್ನೇ ಕೊಡುತ್ತಾರೆ. ಆ ಪಟ್ಟಿಯಲ್ಲಿ ಅಡುಗೆಯೂ ಇದೆ! ತಾವು ಹೇಳುತ್ತಿರುವುದೆಲ್ಲ ತಮ್ಮದೇ ಸ್ವಂತ ಎಂದು ಅವರು ಜಂಬ ಪಡುವುದಿಲ್ಲ. ಹಿಂದಿನ ಗುರುಗಳ ವಿದ್ಯೆಯನ್ನು ಸಮುದ್ರಕ್ಕೆ ಹೋಲಿಸಿ, ಅದರಿಂದ ತಮ್ಮ ಕೈಗೆ ಸಿಕ್ಕಷ್ಟನ್ನು ಆರಿಸಿ ತಂದೆ ಎನ್ನುತ್ತಾರೆ.

ಕೂಡಿಸು, ಕಳೆ, ಭಿನ್ನರಾಶಿ, ತ್ರೈರಾಶಿಕ, ಕ್ಷೇತ್ರಫಲ, ಗುಂಡಿ ತೋಡುವ ಲೆಕ್ಕ, ನೆರಳಿನ ಲೆಕ್ಕ ಎಲ್ಲವೂ ಅಲ್ಲಿವೆ. ಅದರಲ್ಲಿ ಒಂದು ದೊಡ್ಡ ಅಧ್ಯಾಯದ ಹೆಸರು ಮಿಶ್ರಕ ವ್ಯವಹಾರ. ಮಿಶ್ರಕ ಅಂದರೆ ಬೆರೆತದ್ದು. ಬಡ್ಡಿ ಮತ್ತು ಅಸಲು ಬೆರೆತಿರುತ್ತೆ, ಬೇರೆ ಬೇರೆ ಮಟ್ಟದ ಚಿನ್ನ ಬೆರೆತಿರುತ್ತೆ, ಪಾಲುದಾರರ ಲಾಭ ಬೆರೆತಿರುತ್ತೆ. ಒಟ್ಟು ಮಾತ್ರ ನಮಗೆ ಗೊತ್ತು. ಅದರೊಳಗೆ ಯಾವುದು ಎಷ್ಟು ಎಂದು ಬಿಡಿಸಿ ಹೇಳಬೇಕು. ಇದನ್ನೇ ನೀವು ಇಲ್ಲಿನ ಶಾಲೆಯಲ್ಲಿ ರೇಶಿಯೋ ಅಂತ ಕಲೀತೀರಿ. ಕನ್ನಡದಲ್ಲಿ ಅನುಪಾತ. ಸೆಲೆಕ್ಟಿವ್ ಪರೀಕ್ಷೆಗೆ ಓದುವ ನಮ್ಮ ವೆಸ್ಟ್‌ಮೀಡ್ ಮಕ್ಕಳಿಗಂತೂ ಇದು ದಿನಾ ಎದುರಾಗುವ ಲೆಕ್ಕ.

ನಾಲ್ವರು ಸೇವಕರು, 120 ಚಿನ್ನದ ನಾಣ್ಯ

ಅವರ ಒಂದು ಲೆಕ್ಕ ಹೀಗಿದೆ. ನಾಲ್ಕು ಜನ ಸೇವಕರಿಗೆ 120 ಚಿನ್ನದ ನಾಣ್ಯಗಳನ್ನು ಹಂಚಬೇಕು. ಪಾಲುಗಳು ಅರ್ಧ, ಮೂರನೇ ಒಂದು, ನಾಲ್ಕನೇ ಒಂದು, ಆರನೇ ಒಂದು. ಯಾರಿಗೆ ಎಷ್ಟು?

ಸುಲಭ ಅಂತ ಅನ್ನಿಸುತ್ತೆ, ಅಲ್ವಾ? ಮಾಡಿ ನೋಡೋಣ. ಮೊದಲನೆಯವನಿಗೆ 120ರಲ್ಲಿ ಅರ್ಧ, 60. ಎರಡನೆಯವನಿಗೆ ಮೂರನೇ ಒಂದು, 40. ಈಗಲೇ 100 ಖಾಲಿ. ಮೂರನೆಯವನಿಗೆ ನಾಲ್ಕನೇ ಒಂದು ಅಂದರೆ 30 ಕೊಡಬೇಕು, ಆದರೆ ಚೀಲದಲ್ಲಿ ಉಳಿದಿರುವುದು 20 ಮಾತ್ರ. ಅದನ್ನು ಅವನು ತಗೊಂಡು ಹೋದರೆ ನಾಲ್ಕನೆಯವನು ಬರಿಗೈಲಿ ಮನೆಗೆ ಹೋಗಬೇಕು. ಎಲ್ಲರಷ್ಟೇ ಕೆಲಸ ಮಾಡಿದ್ದರೂ ಸಾಲಿನಲ್ಲಿ ಕೊನೆಗೆ ನಿಂತ ತಪ್ಪಿಗೆ ಅವನಿಗೆ ಏನೂ ಇಲ್ಲ!

ಯಾಕೆ ಹೀಗಾಯಿತು? ಆ ನಾಲ್ಕು ಭಿನ್ನರಾಶಿಗಳನ್ನು ಕೂಡಿಸಿದರೆ 1 ಬರುವುದಿಲ್ಲ, ಒಂದೂಕಾಲು ಬರುತ್ತೆ. ಅಂದರೆ ಇರುವುದಕ್ಕಿಂತ ಹೆಚ್ಚು ಹಂಚಲು ಹೊರಟಿದ್ದೇವೆ. ಈ ಲೆಕ್ಕದಲ್ಲಿ ಭಿನ್ನರಾಶಿಗಳು ಹೇಳುತ್ತಿರುವುದು ಚೀಲದಲ್ಲಿ ಎಷ್ಟು ಭಾಗ ಎಂದಲ್ಲ. ಒಬ್ಬನ ಪಾಲಿಗೆ ಇನ್ನೊಬ್ಬನ ಪಾಲು ಎಷ್ಟರ ಮಟ್ಟಿಗೆ ಇರಬೇಕು ಎಂದು ಹೇಳುತ್ತಿವೆ.

ಮಹಾವೀರಾಚಾರ್ಯರು ಇದಕ್ಕೆ ಕೊಡುವ ದಾರಿ ಬಹಳ ಚೊಕ್ಕ. ಇದಕ್ಕೆ ಪ್ರಕ್ಷೇಪಕ ಕುಟ್ಟೀಕಾರ ಎಂದು ಹೆಸರು. ಹೆಸರು ಉದ್ದ, ಕೆಲಸ ಸಣ್ಣದು.

ಮೊದಲು ಎಲ್ಲ ಭಿನ್ನರಾಶಿಗಳಿಗೂ ಒಂದೇ ಛೇದ ತನ್ನಿ. 2, 3, 4, 6 ಇವುಗಳ ಲ.ಸಾ.ಅ. 12. ಆಗ ಪಾಲುಗಳು 12ರಲ್ಲಿ 6, 4, 3, 2 ಆಗುತ್ತವೆ. ಈಗ ಆ 12ನ್ನು ಮರೆತುಬಿಡಿ. ಉಳಿದದ್ದು 6 : 4 : 3 : 2.

ಎರಡನೆಯದಾಗಿ ಅವುಗಳನ್ನು ಕೂಡಿಸಿ. 6 + 4 + 3 + 2 = 15.

ಮೂರನೆಯದಾಗಿ ಒಟ್ಟು ನಾಣ್ಯವನ್ನು ಅದರಿಂದ ಭಾಗಿಸಿ. 120 ÷ 15 = 8. ಒಂದು ಪಾಲಿನ ಬೆಲೆ 8.

ಕೊನೆಗೆ ಗುಣಿಸಿ. 48, 32, 24, 16. ಕೂಡಿಸಿ ನೋಡಿ, ಸರಿಯಾಗಿ 120. ಮೊದಲನೆಯವನಿಗೆ ಅವನ ಹಿರಿತನಕ್ಕೆ ತಕ್ಕ ಹಾಗೆ ಹೆಚ್ಚು ಸಿಕ್ಕಿತು, ಕೊನೆಯವನಿಗೂ 16 ಸಿಕ್ಕಿತು. ಈಗ ಯಾರು ಸಾಲಿನಲ್ಲಿ ಎಲ್ಲಿ ನಿಂತರೂ ವ್ಯತ್ಯಾಸವಿಲ್ಲ. ಒಂದು ಸಣ್ಣ ಲೆಕ್ಕದಿಂದ ಒಬ್ಬ ಮನುಷ್ಯನ ಕೂಲಿ ಉಳಿಯಿತು ನೋಡಿ.

ಕೂಡಿಸು, ಭಾಗಿಸು, ಗುಣಿಸು. ಈ ಮೂರು ಹೆಜ್ಜೆ ಯಾವಾಗಲೂ ನೆನಪಿರಲಿ. ಹೀಗೆ ಹೆಜ್ಜೆ ಹೆಜ್ಜೆಯಾಗಿ ಹೇಳುವ ನಿಯಮಕ್ಕೆ ಅವರ ಕಾಲದಲ್ಲಿ ಕರಣಸೂತ್ರ ಎನ್ನುತ್ತಿದ್ದರು. ನಮ್ಮಂಥ ಸಾಫ್ಟ್‌ವೇರ್ ಕೆಲಸದವರು ಅದನ್ನೇ ಆಲ್ಗರಿದಮ್ ಅಂತೀವಿ.

ಅಡುಗೆಮನೆಯಲ್ಲಿ, ಆಫೀಸಿನಲ್ಲಿ

ಗಣಿತ ಅಡುಗೆಯಲ್ಲೂ ಇದೆ ಎಂದು ಅವರು ಹೇಳಿದ್ದನ್ನು ಇಲ್ಲೇ ಪರೀಕ್ಷೆ ಮಾಡಬಹುದು. ಇಡ್ಲಿಗೆ ಅಕ್ಕಿ 3, ಉದ್ದಿನಬೇಳೆ 1 ಎಂದು ಅಮ್ಮ ಅಳೆಯುತ್ತಾರೆ ಅಂದುಕೊಳ್ಳಿ. ಯುಗಾದಿ ಊಟಕ್ಕೆ ಎರಡೂ ಸೇರಿ 8 ಕಿಲೋ ನೆನೆಸಬೇಕು. 3 + 1 = 4. 8 ÷ 4 = 2. ಅಕ್ಕಿ 6 ಕಿಲೋ, ಉದ್ದಿನಬೇಳೆ 2 ಕಿಲೋ.

ಇನ್ನೊಂದು. ಹುಟ್ಟುಹಬ್ಬದ ಪಾರ್ಟಿಗೆ ಕಾರ್ಡಿಯಲ್ ಬೆರೆಸಬೇಕು. ಬಾಟಲಿಯ ಮೇಲೆ 1 ಭಾಗ ಕಾರ್ಡಿಯಲ್, 4 ಭಾಗ ನೀರು ಎಂದಿದೆ. ಜಗ್ 2 ಲೀಟರಿನದು. ಇಲ್ಲಿ ಬಹಳ ಮಕ್ಕಳು ಎಡವುತ್ತಾರೆ. 1 : 4 ಅಂದ ತಕ್ಷಣ ಕಾಲು ಭಾಗ ಎಂದುಕೊಂಡು 500 ಮಿಲಿಲೀಟರ್ ಸುರಿದುಬಿಡ್ತಾರೆ. ಕೂಡಿಸುವ ಹೆಜ್ಜೆ ಬಿಟ್ಟುಹೋಗಿದ್ದಕ್ಕೆ ಹೀಗಾಗೋದು. 1 + 4 = 5 ಭಾಗ. 2000 ÷ 5 = 400. ಕಾರ್ಡಿಯಲ್ 400, ನೀರು 1600 ಮಿಲಿಲೀಟರ್.

ಆಫೀಸಿನಲ್ಲಿ ನಾವು ಮಾಡುವುದೂ ಇದೇ. ಒಂದು ವೆಬ್‌ಸೈಟಿಗೆ ಒಂದು ನಿಮಿಷಕ್ಕೆ 1000 ಕೋರಿಕೆ ಬರುತ್ತೆ, ಅದನ್ನು ನಿಭಾಯಿಸಲು ಮೂರು ಕಂಪ್ಯೂಟರ್ ಇವೆ, ಅವುಗಳ ಶಕ್ತಿ 5 : 3 : 2 ಅನುಪಾತದಲ್ಲಿದೆ ಅಂದರೆ 500, 300, 200 ಎಂದು ಹಂಚಬೇಕು. ಎಲ್ಲದಕ್ಕೂ ಸಮನಾಗಿ ಹಂಚಿದರೆ ಚಿಕ್ಕ ಕಂಪ್ಯೂಟರ್ ಸುಸ್ತಾಗಿ ನಿಂತುಹೋಗುತ್ತೆ. ಸಮಪಾಲು ಯಾವಾಗಲೂ ನ್ಯಾಯದ ಪಾಲು ಆಗುವುದಿಲ್ಲ ಎಂಬುದನ್ನು ಮಾನ್ಯಖೇಟದ ಸೇವಕರೂ ಹೇಳುತ್ತಾರೆ, ಇವತ್ತಿನ ಕಂಪ್ಯೂಟರೂ ಹೇಳುತ್ತೆ.

ಮಾದಲಹಣ್ಣು ಮತ್ತು ಬೇಲದ ಹಣ್ಣು

ಒಟ್ಟು ಬೆಲೆ ಗೊತ್ತು, ಬಿಡಿ ಬೆಲೆ ಗೊತ್ತಿಲ್ಲ. ಇಂಥ ಲೆಕ್ಕವೂ ಅವರಲ್ಲಿದೆ. 9 ಮಾದಲಹಣ್ಣು ಮತ್ತು 7 ಬೇಲದ ಹಣ್ಣಿಗೆ ಒಟ್ಟು ಬೆಲೆ 107. ಅದೇ 7 ಮಾದಲಹಣ್ಣು ಮತ್ತು 9 ಬೇಲದ ಹಣ್ಣಿಗೆ 101. ಒಂದೊಂದರ ಬೆಲೆ ಎಷ್ಟು?

ಸಿಡ್ನಿಯಲ್ಲಿ ಹುಟ್ಟಿದ ನೀವು ಬೇಲದ ಹಣ್ಣು ನೋಡಿರಲಿಕ್ಕಿಲ್ಲ. ಗಟ್ಟಿ ಚಿಪ್ಪು, ಒಳಗೆ ಹುಳಿ ಸಿಹಿ ತಿರುಳು. ಊರಲ್ಲಿ ರಾಮನವಮಿಗೆ ಇದರ ಪಾನಕ ಮಾಡ್ತಾರೆ, ಅಜ್ಜಿಯನ್ನು ಕೇಳಿ. ಮಾದಲಹಣ್ಣು ದಪ್ಪ ಸಿಪ್ಪೆಯ ದೊಡ್ಡ ನಿಂಬೆಯಂಥದ್ದು.

ಎರಡೂ ಸಲದ ವ್ಯಾಪಾರ ಕೂಡಿಸಿದರೆ 16 ಮಾದಲ, 16 ಬೇಲ, ಬೆಲೆ 208. ಹಾಗಾದರೆ ಒಂದೊಂದರ ಜೋಡಿಗೆ 208 ÷ 16 = 13. ಇನ್ನು ಎರಡೂ ವ್ಯಾಪಾರದ ವ್ಯತ್ಯಾಸ ನೋಡಿ. ಎರಡು ಬೇಲದ ಬದಲು ಎರಡು ಮಾದಲ ಬಂದಾಗ ಬೆಲೆ 6 ಹೆಚ್ಚಾಯಿತು. ಅಂದರೆ ಒಂದು ಮಾದಲಕ್ಕೆ ಬೇಲಕ್ಕಿಂತ 3 ಹೆಚ್ಚು. ಜೋಡಿ 13, ವ್ಯತ್ಯಾಸ 3. ಮಾದಲ 8, ಬೇಲ 5. ಎಕ್ಸ್, ವೈ ಯಾವುದೂ ಬೇಕಾಗಲಿಲ್ಲ.

ರಾಜಕುಮಾರನಿಗೆ ನೂರು ಹಕ್ಕಿ

ನನಗೆ ತುಂಬ ಇಷ್ಟವಾದದ್ದು ಈ ಲೆಕ್ಕ. ಸಂತೆಯಲ್ಲಿ ಹಕ್ಕಿ ಮಾರುತ್ತಿದ್ದಾರೆ. ಪಾರಿವಾಳ 3 ಪಣಕ್ಕೆ 5. ಸಾರಸ 5 ಪಣಕ್ಕೆ 7. ಹಂಸ 7 ಪಣಕ್ಕೆ 9. ನವಿಲು ಮಾತ್ರ ದುಬಾರಿ, 9 ಪಣಕ್ಕೆ ಬರೀ 3. ರಾಜಕುಮಾರನ ಆಟಕ್ಕೆಂದು ಒಬ್ಬನ ಕೈಗೆ 100 ಪಣ ಕೊಟ್ಟು ಸರಿಯಾಗಿ 100 ಹಕ್ಕಿ ತರಲು ಕಳಿಸಿದ್ದಾರೆ. ಯಾವ ಹಕ್ಕಿ ಎಷ್ಟು ತರಬೇಕು?

ಹೀಗೆ ಯೋಚಿಸಿ. ಹಕ್ಕಿಗಳನ್ನು ಗುಂಪು ಗುಂಪಾಗಿ ಕೊಳ್ಳೋಣ. ಪಾರಿವಾಳದ ಒಂದು ಗುಂಪು ಕೊಂಡರೆ 3 ಪಣಕ್ಕೆ 5 ಹಕ್ಕಿ, ಅಂದರೆ ಹಣಕ್ಕಿಂತ 2 ಹಕ್ಕಿ ಹೆಚ್ಚು. ಸಾರಸದ ಗುಂಪಿನಲ್ಲೂ 2 ಹೆಚ್ಚು. ಹಂಸದ ಗುಂಪಿನಲ್ಲೂ 2 ಹೆಚ್ಚು. ನವಿಲಿನ ಗುಂಪಿನಲ್ಲಿ 6 ಕಡಿಮೆ. ಕೊನೆಗೆ ಹಕ್ಕಿ ಮತ್ತು ಹಣ ಎರಡೂ 100 ಆಗಬೇಕಾದರೆ ಹೆಚ್ಚು ಕಡಿಮೆ ಸರಿತೂಗಬೇಕು. ಆದ್ದರಿಂದ ನವಿಲಿನ ಒಂದು ಗುಂಪಿಗೆ ಬೇರೆ ಹಕ್ಕಿಗಳ 3 ಗುಂಪು ಬೇಕು. ಅನುಪಾತ 1 : 3. ಈ ಗುಟ್ಟು ಸಿಕ್ಕರೆ ಅರ್ಧ ಲೆಕ್ಕ ಮುಗಿದ ಹಾಗೆ.

ನವಿಲಿನ 4 ಗುಂಪು ತೆಗೆದುಕೊಂಡರೆ ಉಳಿದವು 12 ಗುಂಪು. ಪಾರಿವಾಳ 3 ಗುಂಪು, ಸಾರಸ 4, ಹಂಸ 5 ಎಂದು ಹಂಚಿ ನೋಡಿ. ಪಾರಿವಾಳ 15, ಸಾರಸ 28, ಹಂಸ 45, ನವಿಲು 12. ಒಟ್ಟು 100 ಹಕ್ಕಿ. ಹಣ 9, 20, 35, 36. ಒಟ್ಟು 100 ಪಣ!

ಇದಕ್ಕೆ ಇದೊಂದೇ ಉತ್ತರವಲ್ಲ. ನಾಲ್ಕೂ ಬಗೆಯ ಹಕ್ಕಿ ಇರಬೇಕು, ಗುಂಪು ಒಡೆಯಬಾರದು ಎಂದಿಟ್ಟುಕೊಂಡರೆ ಒಟ್ಟು 6 ಉತ್ತರಗಳಿವೆ. ಒಂದು ಪ್ರಶ್ನೆಗೆ ಒಂದೇ ಸರಿ ಉತ್ತರ ಎಂದು ನಂಬಿರುವ ನಮಗೆಲ್ಲ ಇದು ಒಳ್ಳೆಯ ಪಾಠ.

ಈಗ ಹೇಳಿ, ಮಹಾವೀರಾಚಾರ್ಯರು ಎಂಥವರು ಅಂತ ಸ್ವಲ್ಪ ಗೊತ್ತಾಯಿತಲ್ವಾ? ಸಂತೆಗೆ ಹೋಗಿ ಬೆಲೆ ಕೇಳಿದವರು. ಹಣ್ಣು, ಹಕ್ಕಿ ನೋಡಿ ಖುಷಿಪಟ್ಟವರು. ಕೆಲಸದವರ ಕೂಲಿಯನ್ನೂ ಪಾಠಕ್ಕೆ ಯೋಗ್ಯ ಎಂದುಕೊಂಡವರು.

ಅವರ ಇನ್ನಷ್ಟು ಕೆಲಸ

ಸಂಖ್ಯೆಗಳ ಜೊತೆ ಆಟವಾಡುವುದು ಅವರಿಗೆ ಇಷ್ಟ. 139ನ್ನು 109ರಿಂದ ಗುಣಿಸಿದರೆ 15151. 152207ನ್ನು 73ರಿಂದ ಗುಣಿಸಿದರೆ 11111111. ಹಾರದ ಹಾಗೆ ಎರಡೂ ಕಡೆಯಿಂದ ಒಂದೇ ರೀತಿ ಓದಿಸಿಕೊಳ್ಳುವ ಇಂಥ ಸಂಖ್ಯೆಗಳನ್ನು ಅವರು ಹುಡುಕಿ ಹುಡುಕಿ ಕೊಟ್ಟಿದ್ದಾರೆ. ಸಿಹಿ, ಹುಳಿ, ಉಪ್ಪು, ಖಾರ, ಕಹಿ, ಒಗರು ಎಂಬ ಆರು ರುಚಿಗಳನ್ನು ಎಷ್ಟು ಬಗೆಯಲ್ಲಿ ಬೆರೆಸಬಹುದು ಎಂದು ಕೇಳಿ, ಅದಕ್ಕೆ ಯಾವ ಸಂಖ್ಯೆಗೂ ಹೊಂದುವ ಸೂತ್ರ ಕೊಟ್ಟರು. ಆರು ರುಚಿಗೆ ಉತ್ತರ 63. ಋಣ ಸಂಖ್ಯೆಗೆ ವರ್ಗಮೂಲ ಇರುವುದಿಲ್ಲ ಎಂದು ಸ್ಪಷ್ಟವಾಗಿ ಹೇಳಿದರು.

ಎಲ್ಲವೂ ಸರಿ ಎಂದೇನಲ್ಲ. ಒಂದು ಸಂಖ್ಯೆಯನ್ನು ಸೊನ್ನೆಯಿಂದ ಭಾಗಿಸಿದರೆ ಅದು ಹಾಗೇ ಉಳಿಯುತ್ತದೆ ಎಂದು ಅವರು ಬರೆದರು. ಅದು ತಪ್ಪು. ಸೊನ್ನೆಯಿಂದ ಭಾಗಿಸುವ ಪ್ರಶ್ನೆ ಅವರ ನಂತರವೂ ನೂರಾರು ವರ್ಷ ದೊಡ್ಡ ದೊಡ್ಡವರನ್ನು ಕಾಡಿತು.

ಓಲೆಗರಿಯಿಂದ ಅಚ್ಚಿಗೆ

ರಾಷ್ಟ್ರಕೂಟರು ಹೋದರು, ಮಾನ್ಯಖೇಟ ಹಾಳಾಯಿತು. ಪುಸ್ತಕ ಮಾತ್ರ ಉಳಿಯಿತು. ಸುಮಾರು 11ನೆಯ ಶತಮಾನದಲ್ಲಿ ಪಾವುಲೂರಿ ಮಲ್ಲನ ಅದನ್ನು ತೆಲುಗಿಗೆ ತಂದ. 12ನೆಯ ಶತಮಾನದಲ್ಲಿ ರಾಜಾದಿತ್ಯ ಎಂಬ ಜೈನ ಕವಿ ವ್ಯವಹಾರಗಣಿತ ಮುಂತಾದ ಪುಸ್ತಕಗಳನ್ನು ಕನ್ನಡದಲ್ಲೇ ಪದ್ಯವಾಗಿ ಬರೆದು, ಗಣಿತವನ್ನು ನಮ್ಮ ಮಾತಿಗೆ ತಂದ.

ಗಣಿತಸಾರಸಂಗ್ರಹ ಉಳಿದದ್ದು ಓಲೆಗರಿಗಳಲ್ಲಿ. ಓಲೆ ಹಾಳಾಗುವ ಮೊದಲು ಯಾರಾದರೂ ಕೂತು ಹೊಸ ಓಲೆಗೆ ಬರೆಯಬೇಕು. ಒಂದು ತಲೆಮಾರು ಬೇಸರ ಮಾಡಿಕೊಂಡರೂ ಪುಸ್ತಕ ಹೋದಂತೆಯೇ. ಮೂಡುಬಿದಿರೆಯ ಜೈನರಲ್ಲಿ, ಮೈಸೂರಿನಲ್ಲಿ, ಮದರಾಸಿನಲ್ಲಿ ಅದರ ಪ್ರತಿಗಳು ಉಳಿದುಕೊಂಡವು. ಅವುಗಳಲ್ಲಿ ಹಲವು ಕನ್ನಡ ಲಿಪಿಯವು. ಒಂದು ಪ್ರತಿಯಲ್ಲಿ ಲೆಕ್ಕಗಳ ಅಂಕಿಗಳನ್ನೂ ಉತ್ತರಗಳನ್ನೂ ಯಾರೋ ಕನ್ನಡದಲ್ಲಿ ಬರೆದಿಟ್ಟಿದ್ದಾರೆ. ಹೆಸರಿಲ್ಲದ ಆ ಮೇಷ್ಟ್ರು ಸಂಸ್ಕೃತದ ಲೆಕ್ಕವನ್ನು ಕನ್ನಡದಲ್ಲಿ ಬಿಡಿಸಿ, ತನ್ನ ಮುಂದೆ ಕೂತ ಮಕ್ಕಳಿಗೆ ಹೇಳಿಕೊಟ್ಟಿರಬೇಕು.

ಇಂಥ ಪ್ರತಿಗಳನ್ನು ಒಟ್ಟುಮಾಡಿ, ಪಾಠ ಸರಿಪಡಿಸಿ, ಇಂಗ್ಲಿಷ್ ಅನುವಾದದೊಂದಿಗೆ 1912ರಲ್ಲಿ ಮದರಾಸಿನಲ್ಲಿ ಅಚ್ಚು ಮಾಡಿಸಿದವರು ಪ್ರೊಫೆಸರ್ ಎಂ. ರಂಗಾಚಾರ್ಯರು. ಆಗ ಪ್ರಪಂಚದ ಗಣಿತಜ್ಞರಿಗೆ ಮಹಾವೀರಾಚಾರ್ಯರ ಹೆಸರು ತಿಳಿಯಿತು. 2000ದಲ್ಲಿ ಶಿವಮೊಗ್ಗ ಜಿಲ್ಲೆಯ ಹೊಂಬುಜದಿಂದ ಕನ್ನಡ ಅನುವಾದವೂ ಹೊರಬಂತು.

ಒಬ್ಬ ಮನುಷ್ಯನ ಊರು, ಮನೆ, ಮುಖ ಎಲ್ಲ ಮರೆತುಹೋದರೂ ಅವನು ಹೇಳಿಕೊಟ್ಟ ಲೆಕ್ಕ ಸಾವಿರ ವರ್ಷ ದಾಟಿ, ಸಮುದ್ರ ದಾಟಿ, ನಮ್ಮ ಶನಿವಾರ ಭಾನುವಾರದ ಕನ್ನಡ ತರಗತಿಯವರೆಗೆ ಬಂದಿದೆ. ನಡುವೆ ಅದನ್ನು ಕೈಯಿಂದ ಕೈಗೆ ಕೊಟ್ಟವರು ಕನ್ನಡ ಓದಲು, ಬರೆಯಲು ಬರುತ್ತಿದ್ದ ಸಾಮಾನ್ಯ ಜನ. ಈಗ ಓಲೆ ನಿಮ್ಮ ಕೈಯಲ್ಲಿದೆ.

ನೀವು ಮಾಡಿ ನೋಡಿ

1. ಅಕ್ಕ, ತಮ್ಮ, ತಂಗಿಗೆ 26 ಮೈಸೂರು ಪಾಕನ್ನು ಅರ್ಧ, ಮೂರನೇ ಒಂದು, ನಾಲ್ಕನೇ ಒಂದು ಎಂಬ ಅನುಪಾತದಲ್ಲಿ ಹಂಚಿ.

2. ಇದು ಮಹಾವೀರಾಚಾರ್ಯರದೇ ಲೆಕ್ಕ. ಮೂವರು ವ್ಯಾಪಾರಿಗಳು ದಾರಿಯಲ್ಲಿ ಒಂದು ಹಣದ ಚೀಲ ನೋಡಿದರು. ಅದು ಮೊದಲನೆಯವನಿಗೆ ಸಿಕ್ಕರೆ ಅವನ ಹಣ ಉಳಿದಿಬ್ಬರ ಒಟ್ಟು ಹಣದ ಎರಡರಷ್ಟಾಗುತ್ತದೆ. ಎರಡನೆಯವನಿಗೆ ಸಿಕ್ಕರೆ ಅವನದು ಉಳಿದಿಬ್ಬರ ಮೂರರಷ್ಟು. ಮೂರನೆಯವನಿಗೆ ಸಿಕ್ಕರೆ ಐದರಷ್ಟು. ಚೀಲವೂ ಸೇರಿ ಎಲ್ಲ ಹಣ ಒಟ್ಟು 240 ಆದರೆ ಯಾರ ಹತ್ತಿರ ಎಷ್ಟಿದೆ? ಚೀಲದಲ್ಲಿ ಎಷ್ಟಿದೆ? (240 ಎಂಬ ಒಟ್ಟು ಮಾತ್ರ ನಾನು ಸೇರಿಸಿದ್ದು.)

3. ನೂರು ಹಕ್ಕಿಯ ಲೆಕ್ಕಕ್ಕೆ ಇನ್ನುಳಿದ 5 ಉತ್ತರ ಹುಡುಕಿ. ಸುಳಿವು: ನವಿಲಿನ 4 ಗುಂಪಿನಿಂದ ಮೂರು, 5 ಗುಂಪಿನಿಂದ ಎರಡು ಸಿಗುತ್ತವೆ.

ಉತ್ತರಗಳು, ಅಪ್ಪ ಅಮ್ಮಂದಿರಿಗೆ ಮಾತ್ರ: 1) 12, 8, 6. 2) 10, 30, 50, ಚೀಲದಲ್ಲಿ 150. ಮೂರನೆಯದಕ್ಕೆ ಉತ್ತರ ಕೊಡುವುದಿಲ್ಲ. ಮಕ್ಕಳ ಜೊತೆ ಒಂದು ಸಂಜೆ ಕೂತು ನೀವೂ ಹುಡುಕಿ.